ಒಳಕಲ್ಲಿನ ಎಪಿಸೋಡು

ನಯನ ತನ್ನ ತಾಯಿಗೆ ಟೀವಿ ಕೊಡಿಸಿದ ಸುದ್ದಿ ಬಂದಾಗ ಚಲುವರಾಜು ಮಂಡ್ಯದ ಗುತ್ತಲಿನ ತನ್ನ ಮನೆಯಲ್ಲಿ ಕೂತು ಒಬ್ಬ ಅತ್ತೆಯ ಬಾಯಿಂದ ಸೊಸೆಯನ್ನು ಬೈಯಿಸುತ್ತಿದ್ದ. ಅದು ಅವನ ಕಸುಬು. ಭಾನುವಾರ ಬಿಟ್ಟು ಮಿಕ್ಕೆಲ್ಲ ದಿನ ಅವನು ಯಾರನ್ನಾದರೂ ಬೈಯಿಸಲೇಬೇಕಿತ್ತು.

"ಅಣ್ಣ, ಅವ್ವಂಗೆ ಟೀವಿ ತಂದಾಕ್ದೆ. ದೊಡ್ಡದು. ಗೋಡೆಗೆ ನೇತಾಕವ್ರೆ," ಅಂದಳು ನಯನ ಫೋನಿನಲ್ಲಿ. ಅವಳು ಮದ್ದೂರಿನಲ್ಲಿ ನರ್ಸು. ಒಳ್ಳೆಯ ಸುದ್ದಿಯನ್ನೂ ಇಂಜೆಕ್ಷನ್ ಕೊಟ್ಟಂತೆ ತಟಕ್ಕನೆ ಕೊಟ್ಟುಬಿಡುವ ಅಭ್ಯಾಸ.

"ಯಾಕೆ?" ಅಂದ ಚಲುವರಾಜು. ಟೀವಿಯಿಂದಲೇ ಮನೆ ನಡೆಸುವ ಮನುಷ್ಯ ಕೇಳಬಹುದಾದ ಪ್ರಶ್ನೆ ಅದಲ್ಲ ಎಂದು ಕೇಳಿದ ಮೇಲೆ ಹೊಳೆಯಿತು.

"ಯಾಕೆ ಅಂದ್ರೆ? ಊರಿಗೂರೇ ನಿನ್ ಸೀರಿಯಲ್ ನೋಡ್ತದೆ. ನಿನ್ ಸ್ವಂತ ಚಿಕ್ಕವ್ವ ಒಬ್ಳೇ ನೋಡಿಲ್ಲ. ಕೇಳ್ದೋರು ಏನಂದ್ಕಂಡಾರು?"

"ಕಣ್ಣಿಗೆ ಒಳ್ಳೇದಲ್ಲ ಕಣಮ್ಮ. ಪೊರೆ ಬೇರೆ ತೆಗ್ಸವ್ರೆ."

"ತೆಗ್ಸಿದ್ದೇ ನೋಡ್ಲಿ ಅಂತ," ಅಂದು ನಯನ ಫೋನಿಟ್ಟಳು.

ಅವನ ಹೆಂಡತಿ ಶೋಭಾರಾಣಿ ಸಹಕಾರ ಬ್ಯಾಂಕಿಗೆ ಹೊರಡಲು ಜಡೆ ಹಾಕಿಕೊಳ್ಳುತ್ತಿದ್ದಳು. ಗಂಡನ ಮುಖ ನೋಡಿ, "ಯಾರು ತೀರ್ಕಂಡ್ರು?" ಎಂದು ಕೇಳಿದಳು.

"ಯಾರೂ ಇಲ್ಲ. ಚಿಕ್ಕವ್ವನ ಮನೆಗೆ ಟೀವಿ ಬಂತು."

"ಅಂಗಾದ್ರೆ ನಿಮ್ದು ಮುಗೀತು ಬುಡಿ," ಅಂದು ಅವಳು ಟಿಫನ್ ಡಬ್ಬಿ ತೆಗೆದುಕೊಂಡು ಹೊರಟಳು.

ಅವಳು ಹೇಳಿದ್ದರಲ್ಲಿ ಉತ್ಪ್ರೇಕ್ಷೆ ಇರಲಿಲ್ಲ. ಚಲುವರಾಜು ಮೂಲತಃ ಕಾದಂಬರಿಕಾರ. ಖಾಸಗಿ ಹೈಸ್ಕೂಲೊಂದರಲ್ಲಿ ಕನ್ನಡ ಕಲಿಸುತ್ತಿದ್ದ ಕಾಲದಲ್ಲಿ ಎರಡು ಕಾದಂಬರಿ ಬರೆದಿದ್ದ. ಎರಡೂ ಅಚ್ಚಾಗಿದ್ದವು, ಅಚ್ಚಾದವುಗಳಲ್ಲಿ ಹೆಚ್ಚಿನವು ಈಗಲೂ ಅವನ ಅಟ್ಟದ ಮೇಲೆ ಸುರಕ್ಷಿತವಾಗಿದ್ದವು. ಒಬ್ಬರೇ ಒಬ್ಬ ವಿಮರ್ಶಕರು ಎರಡನೆಯದರ ಬಗ್ಗೆ ಬರೆದರು: ಲೇಖಕರ ಪಾತ್ರಗಳು ದನ ಮೇಯಿಸುವಾಗಲೂ ತಾಲ್ಲೂಕು ಕಚೇರಿಯ ಸುತ್ತೋಲೆಯ ಭಾಷೆಯಲ್ಲೇ ಮಾತಾಡುತ್ತವೆ, ಇದು ಲೇಖಕರ ವೈಶಿಷ್ಟ್ಯ. ಚಲುವರಾಜು ಅದನ್ನು ಮೊದಲು ಹೊಗಳಿಕೆ ಎಂದುಕೊಂಡು ಇಬ್ಬರಿಗೆ ತೋರಿಸಿಯೂ ಇದ್ದ.

ಆಮೇಲೆ ಬೆಂಗಳೂರಿನ ಒಂದು ನಿರ್ಮಾಣ ಸಂಸ್ಥೆಯವರಿಗೆ ಮಂಡ್ಯದ ಕಡೆಯ ಮನೆಯೊಂದರ ಕಥೆ ಹೊಳೆದು, ಮಂಡ್ಯದ ಕಡೆಯ ಮಾತು ಬರೆಯುವವರು ಬೇಕಾಯಿತು. ಧಾರಾವಾಹಿಯ ಹೆಸರು 'ಹನ್ನೆರಡಂಕಣದ ಮನೆ'. ನಿರ್ದೇಶಕ ಹೇಮಂತ್ ಫೋನು ಮಾಡಿ, "ಸರ್, ನೀವು ಮಂಡ್ಯದವರಂತೆ" ಅಂದ. ಚಲುವರಾಜು ಅಲ್ಲ ಎನ್ನಲಾಗಲಿಲ್ಲ. ಕಥೆ ಬೆಂಗಳೂರಿನಲ್ಲೇ ತಯಾರಾಗಿ ಪ್ರತಿದಿನ ಬೆಳಿಗ್ಗೆ ವಾಟ್ಸಾಪಿನಲ್ಲಿ ಬರುತ್ತಿತ್ತು: 'ಪಟ್ಟಲಮ್ಮ ಚಂದನಳನ್ನು ಬೈಯುತ್ತಾಳೆ. ಚಂದನ ಅಳುತ್ತಾಳೆ.' ಇಷ್ಟನ್ನು ಅವನು ಅರ್ಧ ಗಂಟೆ ಓಡುವಂತೆ ಹಿಗ್ಗಿಸಬೇಕು. ಸೊಸೆ ಚಂದನ ಓದಿದವಳು, ಪಠ್ಯಪುಸ್ತಕದ ಕನ್ನಡ ಆಡುತ್ತಾಳೆ; ಅವಳ ಮಾತು ಅವನ ಬೆರಳಲ್ಲಿ ತಾನೇ ತಾನಾಗಿ ಇಳಿಯುತ್ತಿತ್ತು. ಅತ್ತೆ ಪಟ್ಟಲಮ್ಮನ ಮಾತು ಒಂದಕ್ಷರವೂ ಹುಟ್ಟಲಿಲ್ಲ. ಹುಟ್ಟಿ ಬೆಳೆದದ್ದು ಅದೇ ಸೀಮೆಯಲ್ಲಾದರೂ ಅವನ ಅಪ್ಪ ಬಾಯಿಲ್ಲದವನು, ಅವ್ವ ಸಾಧು. ಮೊದಲ ವಾರ ಪಟ್ಟಲಮ್ಮ ಸೊಸೆಗೆ "ನಿನ್ನ ನಡವಳಿಕೆ ಖಂಡನೀಯ" ಅಂದಳು. ಹೇಮಂತ್ ಮತ್ತೆ ಫೋನು ಮಾಡಿ, "ಸರ್, ನೀವು ಮಂಡ್ಯದವರೇ ತಾನೆ?" ಅಂದ.

ಆಗ ನೆನಪಾದವಳು ನಿಡಘಟ್ಟದ ಚಿಕ್ಕವ್ವ ಸಣ್ಣತಾಯಮ್ಮ, ಅವನ ಅವ್ವನ ತಂಗಿ. ಗಂಡ ಸತ್ತು ಬಹಳ ಕಾಲವಾಗಿತ್ತು. ಅವಳ ಬಾಯಿಗೆ ಆ ಊರಿನಲ್ಲಿ ಎದುರಿರಲಿಲ್ಲ. ಹಾಲಿನ ಡೈರಿಯವರು ಅವಳ ಕ್ಯಾನನ್ನು ಮಾತಿಲ್ಲದೆ ಮೊದಲು ಅಳೆಯುತ್ತಿದ್ದರು. ಚಲುವರಾಜು ಒಂದು ಭಾನುವಾರ ಒಣಗಿದ ವೀಳ್ಯದೆಲೆ ತೆಗೆದುಕೊಂಡು ಹೋದ. ಒಣಗಿದ್ದು ಬೇಕೆಂತಲೇ.

"ಇದೇನ್ಲಾ ಎಲೆನಾ, ಯಾರ ಮನೆ ಪಂಚಾಂಗವ ಅರ್ಕಂಡು ಬಂದೆ? ನಾಲಿಗೆ ಸಿಹಿ ಮಾಡ್ಕಂಡು ಬತ್ತೀಯ ಕಣ್ಲಾ ನೀನು, ಆಲೆಮನೆ ಕೊಪ್ಪರಿಗೇಲಿ ಬಿದ್ದ ಜಿರಳೆ ಅಂಗೆ. ಸಾಯೋದು ಸಿಹೀಲೇ, ಆದ್ರೆ ಬೆಲ್ಲ ಕೆಡಿಸ್ಬುಟ್ಟು ಸಾಯ್ತೀಯ."

ಅಂಗಿಯ ಜೇಬಿನಲ್ಲಿ ಫೋನು ಎಲ್ಲವನ್ನೂ ರೆಕಾರ್ಡು ಮಾಡಿಕೊಳ್ಳುತ್ತಿತ್ತು. ಮುಂದಿನ ವಾರ ಪಟ್ಟಲಮ್ಮ ಸೊಸೆಯನ್ನು ಜಿರಳೆ ಅಂದಳು. ಧಾರಾವಾಹಿ ಮೇಲೆದ್ದಿತು, ಚಲುವರಾಜು ಹೈಸ್ಕೂಲು ಬಿಟ್ಟ. ಅಂದಿನಿಂದ ಅವನು ಭಾನುವಾರ ತಪ್ಪಿಸಿದವನಲ್ಲ. ಎಂಥ ಒಳ್ಳೆಯ ಅಕ್ಕನ ಮಗ ಎಂದು ನಿಡಘಟ್ಟದವರು ಮಾತಾಡಿಕೊಂಡರು.

ಬೇರೆ ಮೂಲಗಳು ಅವನಿಗಿರಲಿಲ್ಲ ಎಂದಲ್ಲ, ಇದ್ದವು ಬತ್ತಿದವು. ಮಳವಳ್ಳಿಯ ಬಸ್‌ಸ್ಟ್ಯಾಂಡಿನಲ್ಲಿ ಬೆಳಿಗ್ಗೆ ಕೂತರೆ ಮೊದಮೊದಲು ಜೇಬು ತುಂಬಿಸಿಕೊಂಡು ಬರುತ್ತಿದ್ದ. ಕಳೆದ ವರ್ಷ ಅಲ್ಲೇ ಒಬ್ಬ ಹೆಂಗಸು ಕಂಡಕ್ಟರಿಗೆ, "ನಿನ್ ಬುದ್ಧಿಗೆ ಮೂರು ಕಡೆ ತೇಪೆ ಆಕುದ್ರೂ ಸೋರ್ತದೆ ಕಣಪ್ಪ" ಅಂದಳು. ಚಲುವರಾಜುವಿಗೆ ರೋಮಾಂಚನವಾಗಿ ಕೈ ಜೇಬಿಗೆ ಹೋಯಿತು. ಅಷ್ಟರಲ್ಲಿ ಕಂಡಕ್ಟರು, "ತೇಪೆ ಆಕೋ ಕೈ ನಿಮ್ದಾದ್ರೆ ಸೋರೋದೇ ನನ್ ಪುಣ್ಯ ಅತ್ತೆ" ಅಂದ. ಬಸ್ಸಿನವರೆಲ್ಲ ನಕ್ಕರು. ಎರಡೂ ಅವನು ಬರೆದ ಸಾಲುಗಳೇ; ಹಿಂದಿನ ಗುರುವಾರ ಪ್ರಸಾರವಾಗಿದ್ದವು. ಮದ್ದೂರಿನ ಹೋಟೆಲುಗಳಲ್ಲೂ ಇದೇ ಆಯಿತು. ಕಿವಿ ಕೊಟ್ಟಲ್ಲೆಲ್ಲ ಜನ ಅವನ ಮಾತನ್ನು ಅವನಿಗೇ ವಾಪಸು ಕೊಡುತ್ತಿದ್ದರು. ಟೀವಿಯ ಗಾಳಿ ತಾಗದೆ ಉಳಿದಿದ್ದವಳು ಸಣ್ಣತಾಯಮ್ಮ ಒಬ್ಬಳೇ. ಉಳಿಸಿಕೊಂಡಿದ್ದವನು ಚಲುವರಾಜುವೇ. ಒಮ್ಮೆ ಕೇಬಲ್ಲು ಪಕ್ಕದ ತಿಮ್ಮಯ್ಯನ ಸೂರಿನ ಮೇಲೆ ಹಾದು ಬರಬೇಕು, ಅವನೊಂದಿಗೆ ಮಾತಿಲ್ಲ ಎಂದ. ಒಮ್ಮೆ ಡಿಶ್ಶಿಗೆ ಹುಣಸೇಮರ ಅಡ್ಡ ಎಂದ. ಆಮೇಲೆ ಕಣ್ಣಿನ ಪೊರೆ ಎಂದ. ನಯನಳಿಗೆ ಇದೆಲ್ಲ ಅಣ್ಣನ ಕಾಳಜಿಯಾಗಿಯೇ ಕಂಡಿತ್ತು.

ಅವನಿಗೆ ಚಿಂತೆಯಾದದ್ದು ಧಾರಾವಾಹಿಯದಲ್ಲ. ಧಾರಾವಾಹಿ ಹೇಗೋ ಓಡುತ್ತದೆ. ಪಟ್ಟಲಮ್ಮನಿಗೆ ಕೋಮಾ ಬರಿಸಬಹುದು. ಚಿಂತೆ ಮೂರನೆಯ ಕಾದಂಬರಿಯದು. ಅದನ್ನು ಅವನು ಬೆಳಗಿನ ಹೊತ್ತು, ಪಟ್ಟಲಮ್ಮ ಏಳುವ ಮುಂಚೆ, ಒಂದೊಂದೇ ಪುಟ ಬರೆಯುತ್ತಿದ್ದ. ಅದು ಸಣ್ಣತಾಯಮ್ಮನ ಕಥೆ. ಅದರಲ್ಲಿ ಯಾರೂ ಸುತ್ತೋಲೆಯಂತೆ ಮಾತಾಡುತ್ತಿರಲಿಲ್ಲ. ಅದು ಬಂದರೆ ತಾನು ಟೀವಿಯವನಲ್ಲ, ಕಾದಂಬರಿಕಾರ ಎಂದು ಲೋಕಕ್ಕಲ್ಲದಿದ್ದರೂ ಆ ವಿಮರ್ಶಕರಿಗೆ ಗೊತ್ತಾಗುತ್ತಿತ್ತು. ಉಳಿದದ್ದು ಕೊನೆಯ ಅಧ್ಯಾಯ: ಮನೆ ಭಾಗವಾದ ದಿನ.

ಸಣ್ಣತಾಯಮ್ಮನ ಗಂಡ ಸತ್ತ ವರ್ಷವೇ ಮೈದುನ ತಿಮ್ಮಯ್ಯ ಭಾಗ ಕೇಳಿದ. ಪಂಚಾಯ್ತಿ ಸೇರಿ ಮನೆಯ ನಡುವೆ ಗೋಡೆ ಎಬ್ಬಿಸಿತು. ಮುಂಬಾಗಿಲು ತಿಮ್ಮಯ್ಯನಿಗೆ, ಹಿತ್ತಲು ಅವಳಿಗೆ. ಅವಳು ಮದುವೆಯಾಗಿ ಬಂದಾಗ ಅವಳಪ್ಪ ಮಳವಳ್ಳಿಯ ಕಡೆಯಿಂದ ಗಾಡಿಯಲ್ಲಿ ತಂದುಕೊಟ್ಟಿದ್ದ, ಖಾರ ಅರೆಯುವ ಒಳಕಲ್ಲು ತಿಮ್ಮಯ್ಯನ ಪಾಲಿನ ಅಡುಗೆಮನೆಯ ನೆಲದಲ್ಲಿ ಹೂತಿತ್ತು. ನೆಲದಲ್ಲಿ ಹೂತದ್ದು ನೆಲದವನದು ಎಂದು ಪಂಚಾಯ್ತಿ ಹೇಳಿತು. ಆ ದಿನ ಅವಳು ಏನಂದಳು ಎಂಬುದು ಚಲುವರಾಜುವಿಗೆ ಬೇಕಾಗಿತ್ತು. ಒಂದು ಎಲೆ ಒಣಗಿದ್ದಕ್ಕೆ ಅಷ್ಟು ಅಂದವಳು ಒಳಕಲ್ಲು ಹೋದಾಗ ಎಷ್ಟು ಅಂದಿರಬೇಡ. ಕೇಳಿದಾಗಲೆಲ್ಲ ಅವಳು "ಬುಡ್ಲಾ ಅತ್ಲಾಗಿ" ಎಂದು ಬೇರೆ ಯಾರನ್ನಾದರೂ ಬೈಯತೊಡಗುತ್ತಿದ್ದಳು. ಇನ್ನೊಂದೆರಡು ಭಾನುವಾರ ಕಾದರೆ ಬಂದೀತು ಎಂದು ಅವನು ಕಾಯುತ್ತಿದ್ದ. ಅಷ್ಟರಲ್ಲಿ ಟೀವಿ ಬಂತು.

ಶೂಟಿಂಗಿನ ಅವಸರದಲ್ಲಿ ಒಂದು ಭಾನುವಾರ ತಪ್ಪಿತು. ಮುಂದಿನ ಭಾನುವಾರ ಅವನು ಒಣಗಿದ ಎಲೆಯ ಕಟ್ಟು ಹಿಡಿದು ಮದ್ದೂರಿನಲ್ಲಿ ಬಸ್ಸು ಬದಲಿಸಿ ನಿಡಘಟ್ಟಕ್ಕೆ ಹೋದ. ಸಣ್ಣತಾಯಮ್ಮ ಟೀವಿಯ ಎದುರು ಗೋಡೆಗೊರಗಿ ಕೂತಿದ್ದಳು. ಎಲೆ ತೆಗೆದುಕೊಂಡಳು. ನೋಡಿದಳು.

"ಪರವಾಗಿಲ್ಲ," ಅಂದಳು. "ದಯವಿಟ್ಟು ಕುಳಿತುಕೋ."

ಚಲುವರಾಜು ನಿಂತೇ ಇದ್ದ.

"ಎಲೆ ಒಣಗೋಗದೆ ಚಿಕ್ಕವ್ವ," ಅಂದ, ದಾರಿ ತೋರಿಸುವವನಂತೆ.

"ಇರಲಿ ಬಿಡು. ನೀನು ಬೇಕು ಅಂತ ತಂದಿಲ್ಲವಲ್ಲ. ಪ್ರಯಾಣ ಸುಖವಾಗಿತ್ತೆ?"

ಅದು ಸೊಸೆ ಚಂದನಳ ಮಾತು. ಅಷ್ಟೇ ಅಲ್ಲ, ಅದು ಅವನ ಎರಡನೆಯ ಕಾದಂಬರಿಯ ಮಾತು. ಅದರಲ್ಲಿ ಒಬ್ಬ ಕುರಿ ಕಾಯುವವನು ಇನ್ನೊಬ್ಬನನ್ನು ಪ್ರಯಾಣ ಸುಖವಾಗಿತ್ತೆ ಎಂದು ಕೇಳುತ್ತಾನೆ.

ಸ್ವಲ್ಪ ಹೊತ್ತಿಗೆ ಸಣ್ಣತಾಯಮ್ಮ ದನಿ ತಗ್ಗಿಸಿದಳು. ಗಂಭೀರ ವಿಷಯವಾದ್ದರಿಂದ ಊರ ಮಾತಿಗೇ ಇಳಿದಳು. "ಅಲ್ಲ ಕಣಪ್ಪ, ಆ ಪಟ್ಟಲಮ್ಮ ಅನ್ನೋಳು ಅವ್ಳಲ್ಲ, ಅವ್ಳ ಮಾತು ನೀನೇನಾ ಬರಿಯೋದು?"

"ಊಂ."

"ಎಲ್ಲಿಂದ ತಂದ್ಯಪ್ಪ ಅಂತಾ ಮಾತ? ಸಿವ ಸಿವ. ನಮ್ಮ ಸೀಮೇಲಿ ಅಂತಾ ಬಾಯ್ನೋಳು ಯಾರವ್ರೆ? ನಿಮ್ಮಪ್ಪ ಬಾಯಿಲ್ದೋನು. ನಮ್ಮಕ್ಕ ದೇವ್ರಂತೋಳು. ನಾನೂ ಎಲ್ಲಾ ಯೋಚ್ನೆ ಮಾಡ್ದೆ." ಅವಳು ಅವನ ಮುಂಗೈ ಹಿಡಿದಳು. "ಸೋಬಾ ಮನೇಲಿ ಇಂಗೇಯ ಬೈತಾಳಾ ನಿನ್ನ?"

ಚಲುವರಾಜು ಇಲ್ಲ ಎಂದ. ಇಲ್ಲ ಎಂದ ರೀತಿ ನೋಡಿ ಸಣ್ಣತಾಯಮ್ಮನಿಗೆ ಹೌದು ಎಂದು ಖಾತ್ರಿಯಾಯಿತು.

"ಅದಕ್ಕೇಯ ವಾರ ವಾರ ಓಡ್ಬತ್ತಿಯ ಮಗ ನೀನು. ನಂಗೀಗ ಗೊತ್ತಾಯ್ತು. ಜಿರಳೆ ಅಂದ್ಲಂತಲ್ಲಪ್ಪ, ಸೊಸೇನ. ಉಣ್ಣೋ ಬಾಯಲ್ಲಿ ಅಂಗನ್ಬೋದಾ? ನೋಡ್ದಾಗಿಂದ ನಾನೇ ವಸಿ ಬಾಯಿ ಬಿಗಿ ಇಡ್ಕಂಡಿವ್ನಿ. ಯಾರಾದ್ರೂ ನನ್ನೂ ಅವ್ಳಂಗೆ ಅಂದ್ಕಂಡ್ಬುಟ್ರೆ?"

ಭಾಗದ ದಿನದ ಬಗ್ಗೆ ಅವನು ಕೊನೆಗೊಮ್ಮೆ ಕೇಳಿದ. ಅವಳು ಮತ್ತೆ ಚಂದನಳಾಗಿ, "ಹಳೆಯ ವಿಷಯ ಈಗೇಕೆ?" ಅಂದಳು. ಹಿತ್ತಲಲ್ಲಿ ಕೋಳಿಯೊಂದು ಹರಡಿದ ರಾಗಿಗೆ ಬಾಯಿ ಹಾಕುತ್ತಿತ್ತು. ಅವಳು ಅದಕ್ಕೆ "ಹೋಗು" ಎಂದಳು, ಅಷ್ಟೇ. ಕೋಳಿಗೆ ಅರ್ಥವಾಗಲಿಲ್ಲ.

ಮುಂದಿನದು ಆ ಸೀಮೆಯಲ್ಲಿ ನಡೆಯುವ ವೇಗದಲ್ಲೇ ನಡೆಯಿತು. ಸಣ್ಣತಾಯಮ್ಮ ಡೈರಿಯಲ್ಲಿ ಒಬ್ಬಳಿಗೆ ಹೇಳಿದಳು. ಆ ಹೆಂಗಸಿನ ತಮ್ಮನ ಹೆಂಡತಿ ಶೋಭಾರಾಣಿಯ ಬ್ಯಾಂಕಿನಲ್ಲೇ ಕೆಲಸಕ್ಕಿದ್ದಳು. ಬುಧವಾರ ಶೋಭಾರಾಣಿ ಮನೆಗೆ ಬಂದು ಚಪ್ಪಲಿ ಬಿಡುವ ಮೊದಲೇ ಹೇಳಿದಳು:

"ಕ್ಯಾಶ್ ಕೌಂಟರ್‌ನಲ್ಲಿ ಒಬ್ರು ನನ್ ಮೊಕ ನೋಡಿ, ನೀವೇನಾ ಮೇಡಂ ಪಟ್ಟಲಮ್ಮ ಅಂದ್ರು."

ಚಲುವರಾಜು ಲ್ಯಾಪ್‌ಟಾಪು ಮುಚ್ಚಿದ.

"ನಿಮಗೆ ಅನ್ನ ಇಕ್ಕಿ, ಸಾಲದ್ದಕ್ಕೆ ನಿಮ್ಮ ಪಟ್ಟಲಮ್ಮನ್ನ ಜಾಹೀರಾತು ಸಮೇತ ಸಹಿಸ್ಕಂಡು, ಕೊನೆಗೆ ನಾನೇ ಪಟ್ಟಲಮ್ಮ. ಭಾನುವಾರ ನಾನೂ ಬತ್ತೀನಿ ನಿಡಘಟ್ಟಕ್ಕೆ. ಫೋನು ಚಾರ್ಜ್ ಮಾಡ್ಕಳಿ."

ಅದೇ ದಿನ ಹೇಮಂತನ ಸಂದೇಶವೂ ಬಂತು. ಧಾರಾವಾಹಿಯಲ್ಲಿ ಮನೆ ಭಾಗವಾಗಬೇಕು. ಎದುರಿನ ಚಾನೆಲ್ಲಿನವರು ಈ ವಾರ ಒಂದು ಮನೆಯನ್ನು ಸುಟ್ಟಿದ್ದಾರೆ, ನಾವು ಒಡೆಯದಿದ್ದರೆ ಉಳಿಯುವುದಿಲ್ಲ. 'ಮನೆ ಭಾಗವಾಗುತ್ತದೆ. ಪಟ್ಟಲಮ್ಮ ಮಾತಾಡುತ್ತಾಳೆ. ಸರ್, ನೀವು ಯಾವುದೋ ಪಾಲಿನ ಸೀನ್ ಮನಸ್ಸಲ್ಲಿದೆ ಅಂದಿದ್ರಲ್ಲ, ಅದನ್ನೇ ಕೊಡಿ. ಸೋಮವಾರ ಬೇಕು.' ಚಲುವರಾಜು ಹಿಂದೊಮ್ಮೆ ಚಹಾ ಕುಡಿಯುತ್ತ ಬಾಯಿ ಬಿಟ್ಟಿದ್ದ. ಕಾದಂಬರಿಗೆಂದು ಕಾದಿಟ್ಟ ಕಲ್ಲು ಈಗ ಪಟ್ಟಲಮ್ಮನಿಗೂ ಬೇಕಾಯಿತು. ಕಲ್ಲಿತ್ತು, ಮಾತೇ ಇರಲಿಲ್ಲ.

ಭಾನುವಾರ ಶೋಭಾರಾಣಿ ಸೊಸೆಗೆ ತಕ್ಕಂತೆ ಸೆರಗು ಸರಿಮಾಡಿಕೊಂಡು, ಸಣ್ಣತಾಯಮ್ಮನ ಕಾಲಿಗೆ ನಮಸ್ಕಾರ ಮಾಡಿ, ಎದುರಿಗೆ ಕೂತಳು. ಗಂಡನ ಜೇಬಿನಿಂದ ಫೋನು ತೆಗೆದಳು.

"ಅತ್ತೆ, ಇದೊಂದು ಕೇಳಿ."

ಫೋನು ಮಾತಾಡಿತು. ಇದೇನ್ಲಾ ಎಲೆನಾ, ಯಾರ ಮನೆ ಪಂಚಾಂಗವ ಅರ್ಕಂಡು ಬಂದೆ. ಆಲೆಮನೆ ಬಂತು, ಕೊಪ್ಪರಿಗೆ ಬಂತು, ಜಿರಳೆ ಬಂತು.

"ಯಾರವ್ವ ಇವ್ಳು?" ಅಂದಳು ಸಣ್ಣತಾಯಮ್ಮ. "ದನಿ ನೋಡು, ಒಡೆದ ತಮಟೆ ಅಂಗೆ."

ಶೋಭಾರಾಣಿ ಇನ್ನೊಂದು ಹಾಕಿದಳು. ಅದರಲ್ಲಿ ಸಣ್ಣತಾಯಮ್ಮ ತನ್ನ ಮಗಳನ್ನು ಹೆಸರು ಹಿಡಿದು ಬೈದಿದ್ದಳು. ಇನ್ನೊಂದು. ಅದರಲ್ಲಿ ತನ್ನನ್ನೇ, "ಈ ಸಣ್ಣತಾಯಿ ಸುಮ್ಕಿದ್ರೆ ನೀವು ಉಪ್ಪು ಆಕ್ಕಂಡು ತಿಂದ್ಬುಡ್ತೀರಿ ಕಣ್ರಲಾ" ಅಂದುಕೊಂಡಿದ್ದಳು. ಫೋನಿನಲ್ಲಿ ಬಹಳ ಇತ್ತು. ಯಾರೂ ನಿಲ್ಲಿಸಲಿಲ್ಲ. ಟೀವಿಯಲ್ಲಿ ಯಾವುದೋ ಅಡುಗೆ ಕಾರ್ಯಕ್ರಮ ಸದ್ದಿಲ್ಲದೆ ನಡೆದಿತ್ತು.

ಸಣ್ಣತಾಯಮ್ಮ ಕೊನೆವರೆಗೂ ಕೇಳಿದಳು. ಆಮೇಲೆ ಎಲೆಗೆ ಸುಣ್ಣ ಹಚ್ಚುತ್ತ, "ಇಷ್ಟೊಂದು ಮಾತಾಡ್ತೀನಾ ನಾನು," ಅಂದಳು. ಸಿಟ್ಟಿನಲ್ಲಿ ಅಂದದ್ದಲ್ಲ. ಎತ್ತರ ಅಳೆಸಿಕೊಂಡವರು ಅಳತೆ ಕೇಳಿ ಅನ್ನುವ ಹಾಗೆ ಅಂದಳು.

"ಚಿಕ್ಕವ್ವ," ಅಂದ ಚಲುವರಾಜು. ಇದೇ ಸಮಯ ಎಂದು ಅವನಿಗೆ ಹೇಗನ್ನಿಸಿತೋ. ಬರೆಯುವವರಿಗೆ ಅನ್ನಿಸುತ್ತದೆ. "ಭಾಗ ಆದ ದಿನ ಏನಂದೆ ನೀನು?"

ಶೋಭಾರಾಣಿ ಅವನನ್ನು ನೋಡಿದ ನೋಟಕ್ಕೆ ಧಾರಾವಾಹಿಯ ಮನೆಯಲ್ಲಾದರೆ ಹಿನ್ನೆಲೆ ಸಂಗೀತ ಬರುತ್ತಿತ್ತು.

"ಏನೂ ಅನ್ಲಿಲ್ಲ," ಅಂದಳು ಸಣ್ಣತಾಯಮ್ಮ.

"ಏನೂ?"

"ಪಂಚಾಯ್ತಿಯೋರಿಗೆ ನೀರು ಕೊಟ್ಟೆ. ಕುಡುದ್ರು. ಚೊಂಬು ಈಸ್ಕಂಡು ಒಳೀಕೋದೆ. ನಿಮ್ ಚಿಕ್ಕಪ್ಪ ಓಗಿ ಎಂಟು ತಿಂಗ್ಳೂ ಆಗಿರ್ಲಿಲ್ಲ, ನಯನ ಕಂಕುಳಲ್ಲಿ. ಏನನ್ಲಿ? ಬಾಯೇ ಬರ್ಲಿಲ್ಲ." ಎಲೆ ಮಡಚಿ ಬಾಯಿಗಿಟ್ಟಳು. "ಮಾರ್ನೇ ದಿನ ಕೋಳಿ ಬಂದು ಕಾರಕ್ಕೆ ಒಣಗಾಕಿದ್ದ ಮೆಣಸಿನಕಾಯ ಕೆದುಕ್ತು. ಅದನ್ನ ಬೈಯ್ಯಕ್ಕೆ ಸುರು ಮಾಡ್ದೆ ನೋಡು. ನಿಂತಿಲ್ಲ."

ವಾಪಸು ಬರುವಾಗ ಮದ್ದೂರಿನಲ್ಲಿ ಶೋಭಾರಾಣಿ, "ಸೋಮವಾರಕ್ಕೆ ಏನ್ ಬರೀತೀರಿ?" ಎಂದು ಕೇಳಿದಳು. ಅವನು ಗೊತ್ತಿಲ್ಲ ಅಂದ. "ಅವ್ರು ಅನ್ಲಿಲ್ಲ ಅಂದ್ರೆ ಏನಂತೆ. ಅನ್ನಬೇಕಾಗಿತ್ತಲ್ಲ," ಅಂದಳು ಅವಳು, ಕಿಟಕಿಯ ಕಡೆ ನೋಡುತ್ತ.

ಅವನು ಬರೆಯಲು ಕೂತ. ಜೇಬಿನಲ್ಲಿ ಏನೂ ಇರಲಿಲ್ಲ. ತನ್ನ ಜನ್ಮದಲ್ಲೇ ಮೊದಲ ಬಾರಿಗೆ ಅವನು ಆ ಸೀಮೆಯ ಮಾತನ್ನು ತಾನೇ ಹುಟ್ಟಿಸಬೇಕಾಯಿತು. ಕಲ್ಲಿನ ಬಗ್ಗೆ ಅವನಿಗೆ ಗೊತ್ತಿದ್ದದ್ದು ಒಂದೇ, ಅವ್ವ ಹೇಳಿದ್ದು: ತಾತ ಅದನ್ನು ಗಾಡಿಗೆ ಹೇರಿ, ಎತ್ತಿಗೆ ಭಾರವಾಗುತ್ತದೆಂದು ತಾನು ಮಳವಳ್ಳಿಯಿಂದ ನಡೆದೇ ಬಂದಿದ್ದನಂತೆ. ಚಲುವರಾಜು ಅಲ್ಲಿಂದ ಹಿಡಿದ. ಬರೆದು ಅಳಿಸಿದ, ಬರೆದು ಅಳಿಸಿದ. ಎರಡು ಬಾರಿ ಪಟ್ಟಲಮ್ಮ "ಇದು ಅನ್ಯಾಯದ ಪರಮಾವಧಿ" ಅಂದುಬಿಟ್ಟಳು. ಕೊನೆಗೆ ಬಂದದ್ದನ್ನು ಓದದೆ ಹೇಮಂತನಿಗೆ ಕಳಿಸಿದ.

ಎರಡು ವಾರದ ಮೇಲೆ ಅದು ಪ್ರಸಾರವಾಯಿತು. ಪಟ್ಟಲಮ್ಮನ ಮುಖ ಮೂರು ಕಡೆಯಿಂದ ಮೂರು ಬಾರಿ ಹತ್ತಿರ ಬಂತು. ಮನೆಯೊಳಗೆ, ಕಾರಣವಿಲ್ಲದೆ, ಗುಡುಗಿತು. ಆಮೇಲೆ ಅವಳು ಪಂಚಾಯ್ತಿಯವರಿಗೆ ಹೇಳಿದಳು:

"ನೆಲ ನಿಮ್ದೇ ಇರ್ಲಿ. ಗೋಡೆ ನಿಮ್ದೇ ಇರ್ಲಿ. ಈ ಕಲ್ಲ ನಮ್ಮಪ್ಪ ಗಾಡಿಗೆ ಆಕಿ, ಎತ್ತಿಗೆ ನೋವಾಯ್ತದೆ ಅಂತ ತಾನು ನಡ್ಕಂಡು ಬಂದ. ಎತ್ತಿನ ನೋವು ಗೊತ್ತಿತ್ತು ಅವ್ನಿಗೆ. ಈ ಮನೇಲಿ ನೀವು ಉಂಡ ಒಂದೊಂದು ತುತ್ತಿನ ಕಾರವೂ ಇದ್ರಲ್ಲೇ ಅರ್ದಿದ್ದು. ಕಲ್ಲ ಇಟ್ಕಳಿ. ಉಂಡ ಕಾರವ ವಾಪಸ್ ಕೊಡಿ."

ಹೇಮಂತ್ ಫೋನು ಮಾಡಿ ಸೂಪರ್ ಸರ್ ಅಂದ. ಅವನು ಎಲ್ಲದಕ್ಕೂ ಹಾಗೇ ಅನ್ನುತ್ತಿದ್ದ. ಮಂಡ್ಯದ ತರಕಾರಿ ಮಾರ್ಕೆಟ್ಟಿನಲ್ಲಿ ಮಾರನೆಯ ದಿನ ಒಬ್ಬ ಗಿರಾಕಿ ತೂಕದ ಜಗಳದಲ್ಲಿ "ಉಂಡ ಕಾರವ ವಾಪಸ್ ಕೊಡು" ಅಂದದ್ದನ್ನು ಚಲುವರಾಜು ಸ್ವತಃ ಕೇಳಿದ. ಈ ಬಾರಿ ಅದು ನಿಜಕ್ಕೂ ಅವನ ಮಾತಾಗಿತ್ತು. ಸುಖವಾಗಬೇಕಿತ್ತು, ಕಾಲು ಕೆಜಿ ಹಸಿಮೆಣಸಿನಕಾಯಿ ತೆಗೆದುಕೊಂಡು ಬಂದ.

ಭಾನುವಾರ ಅವನು ನಿಡಘಟ್ಟಕ್ಕೆ ಹೆದರಿಕೊಂಡೇ ಹೋದ, ಹಸಿಯಾದ ಎಲೆ ಹಿಡಿದು. ಹಿತ್ತಲ ಬಾಗಿಲ ಪಕ್ಕದಲ್ಲಿ ಒಳಕಲ್ಲು ಕೂತಿತ್ತು. ಸುತ್ತ ಇನ್ನೂ ಟೈಲ್ಸಿನ ಚೂರು, ಸಿಮೆಂಟು ಅಂಟಿಕೊಂಡಿತ್ತು. ಅದರ ಆಚೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ತಿಮ್ಮಯ್ಯ ಕೂತಿದ್ದ. ಅವನು ಈ ಹಿತ್ತಲಿಗೆ ಕಾಲಿಟ್ಟದ್ದನ್ನು ನಯನ ತನ್ನ ಜನ್ಮದಲ್ಲಿ ನೋಡಿರಲಿಲ್ಲ. ನೋಡುವುದಕ್ಕೆಂದೇ ರಜೆ ಹಾಕಿ ಬಂದಿದ್ದಳು. ಡೈರಿಯ ಹೆಂಗಸರು ಮೂವರು ನಿಂತಿದ್ದರು. ಸಣ್ಣತಾಯಮ್ಮ ಅವರಿಗೆ ಹೇಳುತ್ತಿದ್ದಳು.

"...ಎತ್ತಿನ ನೋವು ಗೊತ್ತಿತ್ತು ಕಣ್ರವ್ವ ನಮ್ಮಪ್ಪಂಗೆ ಅಂದೆ. ಪಂಚಾಯ್ತಿಯೋರು ತಲೆ ಎತ್ಲಿಲ್ಲ. ಕಲ್ಲ ಇಟ್ಕಳಿ, ಉಂಡ ಕಾರವ ವಾಪಸ್ ಕೊಡಿ ಅಂದೆ."

"ಅಂದ್ಲು," ಅಂದ ತಿಮ್ಮಯ್ಯ. ಅವನಿಗೆ ಎಂಬತ್ತರ ಹತ್ತಿರ. "ನಾನಲ್ಲೇ ನಿಂತಿದ್ದೆ. ಕಿವೀಲಿ ಇನ್ನೂ ಅದೆ. ಟೀವೀಲಿ ನೋಡ್ದಾಗ ಎದೆ ಧಸಕ್ ಅಂತು. ನಮ್ಮನೇದೆಲ್ಲಾ ಅವ್ರಿಗೆಂಗೆ ಗೊತ್ತಾಯ್ತು ಅಂದ್ಕಂಡೆ. ನನ್ ಮಗನ್ನ ಕರ್ದು, ಅಗೀಲಾ ಅತ್ಲಾಗಿ ಅಂದೆ. ಟೈಲ್ಸ್ ಓದ್ರೆ ಓಯ್ತವೆ."

ಸಣ್ಣತಾಯಮ್ಮ ಚಲುವರಾಜುವನ್ನು ನೋಡಿದಳು. ಕಣ್ಣು ತಪ್ಪಿಸಲಿಲ್ಲ. ಅವನೇ ತಪ್ಪಿಸಿದ.

"ಬಾಪ್ಪ. ಚೆನ್ನಾಗಿ ಬರ್ದಿದ್ದೀಯ. ಆದ್ರೆ ಎರಡು ಮಾತು ಬುಟ್ಬುಟ್ಟಿದ್ದೀಯ."

"ಏನು ಚಿಕ್ಕವ್ವ?"

"ನಾಳೆಯಿಂದ ಇದ್ರಲ್ಲಿ ನೀವು ಅರ್ದಿದ್ದು ಯಾವ್ದೂ ನುಣ್ಣಗಾಗ್ಬಾರ್ದು ಅಂದೆ. ನಿನ್ ಎಂಡ್ತಿ ಕೈ ಸವೀಲಿ, ಕಲ್ಲು ಸವೀಬಾರ್ದು ಅಂದೆ."

ಡೈರಿಯ ಹೆಂಗಸರು ತಲೆದೂಗಿದರು. ತಿಮ್ಮಯ್ಯನೂ ತಲೆದೂಗಿದ.

"ಅಂದ್ಲು. ಅದಕ್ಕೇಯ ನಮ್ಮನೇಲಿ ಚಟ್ನಿ ಯಾವತ್ತೂ ನುಣ್ಣಗಾಗ್ಲಿಲ್ಲ. ನಮ್ಮೋಳು ಮಿಕ್ಸಿ ತರೋಗಂಟ ತರಿತರಿಯಾಗೇ ಉಂಡಿವ್ನಿ."

ಆ ಎರಡು ಮಾತು ತಾನು ಬರೆದ ಎಪಿಸೋಡಿನ ಹನ್ನೆರಡು ಪುಟಕ್ಕಿಂತ ಚೆನ್ನಾಗಿವೆ ಎಂದು ಚಲುವರಾಜುವಿಗೆ ತಕ್ಷಣ ತಿಳಿಯಿತು. ಕೈ ಜೇಬಿಗೆ ಹೋಯಿತು. ಫೋನನ್ನು ಶೋಭಾರಾಣಿ ಆ ಬೆಳಿಗ್ಗೆಯೇ ಕಿತ್ತು ಇಟ್ಟುಕೊಂಡಿದ್ದಳು.

"ನೀನು ಕೇಳಿದ್ಯಲ್ಲಪ್ಪ ಆವತ್ತು," ಅಂದಳು ಸಣ್ಣತಾಯಮ್ಮ. "ನಾನೇ ಏಳಿದ್ನಲ್ಲ ನಿಂಗೆ, ಇಂಗಿಂಗೆ ಅಂದೆ ಅಂತ. ಏಳು ಇವ್ರಿಗೆ."

ನಯನ ಅಣ್ಣನ ಕಡೆ ನೋಡಿದಳು.

"ಊಂ," ಅಂದ ಚಲುವರಾಜು. "ನೀನು ಏಳಿದ್ದೆ. ಎರಡು ಮಾತು ನಾನೇ ಮರ್ತೆ."

"ಮರೀತಾನೆ. ಬಾಯಿಲ್ದೋರ ಮನೇದು," ಅಂದಳು ಸಣ್ಣತಾಯಮ್ಮ ಹೆಂಗಸರಿಗೆ, ಮತ್ತು ಅವನು ತಂದ ಎಲೆಯ ಕಟ್ಟು ಬಿಚ್ಚಿದಳು. "ಇದೇನ್ಲಾ ಇದು, ಕೆರೇಲಿ ಮುಳುಗೇಳ್ಸಿ ತಂದೆಯಾ? ಒಣಗಿದ್ದಾರ ತಾ, ಇಲ್ಲ ಒದ್ದೆಯಾರ ತಾ, ಇದು ಸೀತ ಆದ ಮೂಗಿನಂಗದೆ."

ಚಂದನ ಹೋಗಿದ್ದಳು. ಚಲುವರಾಜುವಿಗೆ ಕಣ್ಣು ತುಂಬಿದಂತಾಯಿತು; ಸುಣ್ಣದ ಘಾಟು ಎಂದುಕೊಂಡ.

ಕೊನೆಯ ಅಧ್ಯಾಯವನ್ನು ಅವನು ಆ ವಾರವೇ ಬರೆದ. ಎರಡೂವರೆ ಪುಟವಾಯಿತು. ಪಂಚಾಯ್ತಿಯವರು ನೀರು ಕೇಳುತ್ತಾರೆ. ಅವಳು ಕೊಡುತ್ತಾಳೆ. ಖಾಲಿ ಚೊಂಬು ತೆಗೆದುಕೊಂಡು ಒಳಗೆ ಹೋಗುತ್ತಾಳೆ. ಮಾತಿಲ್ಲ. ಸೀನಿಗಿಷ್ಟು ಮಾತು ಎಂದು ಬದುಕಿದವನಿಗೆ ಆ ಎರಡೂವರೆ ಪುಟ ಬರೆಯುವುದು ಹಲ್ಲು ಕೀಳಿಸಿಕೊಂಡಷ್ಟೇ ಸುಲಭವಾಗಿತ್ತು. ಪ್ರಕಾಶಕರು ಫೋನು ಮಾಡಿ, "ಇಲ್ಲಿ ಆಯಮ್ಮ ಏನಾದ್ರೂ ಅನ್ಬೇಕಲ್ವ ಸಾರ್? ಟೀವೀಲಿ ಅಷ್ಟೊಂದು ಅಂತಾಳೆ. ಜನ ನಿಮ್ಮಿಂದ ಅದನ್ನೇ ಬಯಸ್ತಾರೆ" ಅಂದರು. ಚಲುವರಾಜು ಬೇಡ ಎಂದ. ಟೀವಿಯಲ್ಲಿ ಅವಳು ಅಂದದ್ದಾಗಿದೆ, ಊರಿನಲ್ಲೂ ಅಂದದ್ದಾಗಿದೆ. ಅನ್ನದೇ ಇದ್ದದ್ದು ಎಲ್ಲಾದರೂ ಒಂದು ಕಡೆ ಇರಲಿ. ನಿಡಘಟ್ಟದಲ್ಲಿ ಯಾರಾದರೂ ಓದಿ ಸಣ್ಣತಾಯಮ್ಮನನ್ನು ಸುಳ್ಳಿ ಅನ್ನುವ ಭಯವಿತ್ತೆ ಎಂದರೆ, ಇರಲಿಲ್ಲ. ಅವನ ಕಾದಂಬರಿಗಳನ್ನು ಯಾರೂ ಓದುವುದಿಲ್ಲ ಎಂಬ ಸಂಗತಿ ಅವನಿಗೆ ಉಪಕಾರ ಮಾಡಿದ್ದು ಅದೇ ಮೊದಲು.

ಪುಸ್ತಕ ಬಂದಾಗ ಮೊದಲ ಪ್ರತಿ ತೆಗೆದುಕೊಂಡು ಹೋಗಿ ಅವಳ ಕೈಗಿಟ್ಟ. ಸಣ್ಣತಾಯಮ್ಮನಿಗೆ ಓದು ಬರದು. ಹಿಂದೆ ಮುಂದೆ ತಿರುಗಿಸಿ, ಸೆರಗಿನಿಂದ ಒರೆಸಿ, ತೊಡೆಯ ಮೇಲಿಟ್ಟುಕೊಂಡಳು. ಟೀವಿ ಓಡುತ್ತಿತ್ತು. ಹೊರಗೆ ಒಳಕಲ್ಲಿನಲ್ಲಿ ನಿಂತ ಮಳೆನೀರನ್ನು ಕೋಳಿ ಕುಡಿಯುತ್ತಿತ್ತು.

"ಇದ್ರಲ್ಲೂ ಅದೆಯಾ, ಬಾಗದ್ದು?"

"ಅದೆ ಚಿಕ್ಕವ್ವ. ಕೊನೇಲಿ."

"ಏನಂದೆ ನಾನು ಇದ್ರಲ್ಲಿ?"

ಚಲುವರಾಜು ಎಲೆಯ ತೊಟ್ಟು ಮುರಿಯುತ್ತ ಕೂತ.

"ಪಂಚಾಯ್ತಿಯೋರಿಗೆ ನೀರು ಕೊಟ್ಟೆ."

ಅವಳು ಪುಸ್ತಕದ ಮೇಲೆ ಕೈಯಿಟ್ಟುಕೊಂಡು ಸ್ವಲ್ಪ ಹೊತ್ತು ಟೀವಿಯ ಕಡೆ ನೋಡಿದಳು. ಅಲ್ಲಿ ಪಟ್ಟಲಮ್ಮ ಯಾರನ್ನೋ ಬೈಯುತ್ತಿದ್ದಳು.

"ಊಂ. ಕೊಟ್ಟೆ," ಅಂದಳು. ಆಮೇಲೆ ಕೋಳಿಯ ಕಡೆ ತಿರುಗಿದಳು.